ರಾಜನ ಮದುವೆಗೆ ಮಾಡಿದ ಬಾಸಿಂಗ

ಕಾಕಾ ಅವರ ಬಲಗೈ ಹೆಬ್ಬೆರಳಿನ ಉಗುರು ಸದಾ ಕೆಂಪಗಿರುತ್ತಿತ್ತು. ಬೆಂಡಿನ ಮೇಲೆ ಜರಿ ಕಾಗದ ಒತ್ತಿ ಒತ್ತಿ ಬಣ್ಣ ಬುಡದವರೆಗೂ ಇಳಿದಿತ್ತು. ಬೆರಳ ಸಂದಿಯಲ್ಲಿ ಹುಣಸೆ ಬೀಜದ ಅಂಟು ಒಣಗಿ ಹೊಟ್ಟಿನಂತೆ ಏಳುತ್ತಿತ್ತು. ಕೊಪ್ಪಳದಲ್ಲಿ ನಮ್ಮ ಮನೆಯಿಂದ ಮೂರನೆಯದು ಅವರ ಮನೆ. ಮದುಮಕ್ಕಳ ಹಣೆಗೆ ಕಟ್ಟುವ ಬಾಸಿಂಗ ಮಾಡುವುದು ಅವರ ಕಸುಬು. ಓಣಿಯೆಲ್ಲ ಕಾಕಾ ಎನ್ನುತ್ತಿತ್ತು, ನಾನೂ ಹಾಗೇ ಕರೆದೆ.

ನಾನು ಶಾಲೆಯ ಗಂಟೆಯಂತೆ ಬದುಕಿದ ಮಾಸ್ತರ. ನನಗಿಂತ ಶಿಸ್ತಿನವರೆಂದು ಒಪ್ಪಿಕೊಂಡದ್ದು ಅವರೊಬ್ಬರನ್ನೇ. ಆರಕ್ಕೆ ಸ್ನಾನ ಮುಗಿಸಿ, ವಧೂವರರ ಹೆಸರು ಹೇಳಿಕೊಂಡು ಮೊದಲ ಬೆಂಡು ಕೊಯ್ಯುವರು. ಜೋಡಿ ಮುಗಿಯುವವರೆಗೆ ಬರೀ ಚಹಾ. ಲಗ್ನದ ಹಂಗಾಮಿನಲ್ಲಿ ಅಂಗಡಿಯವರೊಬ್ಬರು, "ಹತ್ತು ಜೋಡಿ ಮಾಡಿ ಇಡ್ರಿ ಕಾಕಾ, ತಾನ ಖರ್ಚ ಆಗ್ತಾವ" ಎಂದಾಗ ಅವರು, "ಗಂಡಿಲ್ಲ, ಹೆಣ್ಣಿಲ್ಲ, ಯಾರ ಹಣಿಗಿ ಮಾಡ್ಲಿ? ನಿನ್ನ ಅಂಗಡಿ ಕಂಬಕ್ಕ ಕಟ್ಟತೀಯೇನು?" ಎಂದು ಕಳಿಸಿದ್ದರು.

ತಾಯಿಯಿಲ್ಲದ ಮೊಮ್ಮಗಳು ಅವರ ಮನೆಯಲ್ಲೇ ಬೆಳೆದಳು. ಯಲಬುರ್ಗಾದಲ್ಲಿ ಆಕೆಗೆ ವರ ಗೊತ್ತಾಗಿ, ಲಗ್ನ ಮುಂದಿನ ವರ್ಷಕ್ಕೆಂದು ಆದಾಗ ಕಾಕಾ, "ಇಕೀ ಜೋಡಿ ಮಾಡಿ ಕೈ ತೊಳಕೊಂತೀನ್ರಿ ಮಾಸ್ತರ್ರ. ಸಣ್ಣಾಕಿ ಇದ್ದಾಗಿಂದ ಅದೊಂದು ಮನಸಿನ್ಯಾಗ ಐತಿ" ಎಂದರು.

ಅದೇ ದಿನಗಳಲ್ಲಿ ಸಾಣಾಪುರದ ಕೆರೆಯ ಬಳಿ ಸಿನಿಮಾದವರು ಇಳಿದಿದ್ದರು. ಇಬ್ಬರು ರಾಜರು ಜಗಳ ತೀರಿಸಿಕೊಳ್ಳಲು ಒಬ್ಬರ ಮುಖ ಒಬ್ಬರು ಕಾಣದ ಮಕ್ಕಳಿಗೆ ಮದುವೆ ಗೊತ್ತುಮಾಡುವ ನಗೆಸಿನಿಮಾ. ಅಲ್ಲಿ ಸೆಟ್ಟಿನ ಕೆಲಸಕ್ಕಿದ್ದ ನನ್ನ ಹಳೆಯ ವಿದ್ಯಾರ್ಥಿನಿಯೊಬ್ಬಳು ಬಾಸಿಂಗ ಬೇಕೆಂದು ಕೇಳಿಕೊಂಡು ಬಂದಳು. ಕಾಕಾ ಅವರ ಮನೆಗೆ ಕರೆದುಕೊಂಡು ಹೋದವನು ನಾನು. ಓದದೆ ಯಾವ ಕಾಗದಕ್ಕೂ ಸಹಿ ಹಾಕದ ನಾನು, ಆ ಬಾಸಿಂಗ ಕಥೆಯಲ್ಲಿ ಏನಾಗುತ್ತದೆ ಎಂದು ಕೇಳಲಿಲ್ಲ.

"ವರನ ಹೆಸರೇನವ್ವ?" ಎಂದರು ಕಾಕಾ. ಆಕೆ ಯಾವುದೋ ಮಹಾರಾಜನ ಹೆಸರು ಹೇಳಿದಳು.

"ಕಥಿಯಾಗಿಂದು ಬ್ಯಾಡ. ಕಟಗೊಳ್ಳೋ ಹಣಿ ಖರೇ ಐತಿಲ್ಲೊ? ಹೆಸರೂ ಖರೇನ ಬೇಕು."

ಆಕೆ ನಕ್ಕು ನಟನ, ನಟಿಯ ಹೆಸರು ಕೊಟ್ಟಳು. ಕಾಕಾ ಎರಡು ದಿನ ಬರೀ ಚಹಾದ ಮೇಲೆ ಕುಳಿತು ರಾಜರಿಗೆ ಒಪ್ಪುವಂಥ ಜೋಡಿ ಮಾಡಿಕೊಟ್ಟರು.

ಸಿನಿಮಾ ಬಂದಾಗ ಹೊಸ ಧೋತರ ಉಟ್ಟು ನನ್ನ ಜೊತೆ ಮಧ್ಯಾಹ್ನದ ಆಟಕ್ಕೆ ಬಂದರು. ತೆರೆಯ ಮೇಲೆ ರಾಜಕುಮಾರ ಓಡಿಹೋದ. ಮುಹೂರ್ತ ಮೀರುತ್ತದೆಂದು ಮಂತ್ರಿಗಳು ಆ ಬಾಸಿಂಗವನ್ನು ಕತ್ತೆಯ ಹಣೆಗೆ ಕಟ್ಟಿ ಮಂಟಪಕ್ಕೆ ತಂದರು. ಟಾಕೀಸು ಬಿದ್ದು ಬಿದ್ದು ನಕ್ಕಿತು. ಕಾಕಾ ನನ್ನ ಕಡೆ ಬಾಗಿ, "ಅದನ್ನ ಆ ಹುಡುಗನ ಹೆಸರಿಲೆ ಮಾಡಿದ್ನೆಲ್ರೀ ಮಾಸ್ತರ್ರ?" ಎಂದರು.

ಆ ತುಣುಕು ಮೊಬೈಲಿನಿಂದ ಮೊಬೈಲಿಗೆ ಓಡಿತು. "ಕಾಕಾ, ಕತ್ತಿ ಲಗ್ನಕ್ಕ ನಮಗ್ಯಾಕ ಹೇಳಲಿಲ್ರಿ?" ಎಂದು ಓಣಿಯವರು ನಕ್ಕರು. ಅವರೂ ನಕ್ಕರು. ಆದರೆ ಯಲಬುರ್ಗಾದಿಂದ ಮಾತು ಬಂತು: ಬಾಸಿಂಗ ನಾವೇ ತರುತ್ತೇವೆ.

ಮರುದಿನ ಮೊದಲ ಬಸ್ಸಿಗೆ ಹೋಗಿ ವರನ ತಂದೆಯೆದುರು ಕುಳಿತೆ.

"ಸಿನಿಮಾ ಅಂತ ನಮಗ ತಿಳೀತೈತ್ರಿ ಸರ. ನಮ್ಮವ್ವ ಕೇಳವಲ್ಲಳು. ಕತ್ತಿಗಿ ಬಾಸಿಂಗ ಮಾಡಿದ ಕೈಲೆ ಮಾಡಿದ್ದು ನನ್ನ ಮೊಮ್ಮಗನ ಹಣಿಗಿ ಬ್ಯಾಡ ಅಂತಾಳ."

"ಕತ್ತಿಗಿ ಮಾಡಿಲ್ರಿ ಅವರು. ತಪ್ಪು ನಂದು."

"ನೀವು ಹೇಳೋದು ಖರೇ ಐತ್ರಿ. ಚಹಾ ತಗೋರಿ, ಆರತೈತಿ."

ನಾನು ಹೇಳಿದ್ದಕ್ಕೆಲ್ಲ ಅವರು ಒಪ್ಪಿದರು, ಒಂದನ್ನು ಬಿಟ್ಟು. ಬಾಸಿಂಗ ನಟನ ಹೆಸರಿನಲ್ಲಿ ಮಾಡಿದ್ದೆಂದು ಬರೆದುಕೊಡಿರೆಂದು ಸಿನಿಮಾದವರಿಗೆ ಮೂರು ಪತ್ರ ಬರೆದೆ, ಉತ್ತರವಿಲ್ಲ. ಮೊಮ್ಮಗಳು ಅತ್ತು ಹಠ ಹಿಡಿದಾಗ ಕಾಕಾ ಅವರೇ, "ಬೆಂಡಿನ ಸಲುವಾಗಿ ಬೀಗರ ಕೂಡ ಕೆಡಿಸಿಕೊಂತಾರೇನ ಹುಚ್ಚಿ?" ಎಂದು ಸಮಾಧಾನ ಮಾಡಿದರು. ನನ್ನ ಮೇಲೆ ಒಂದು ಮಾತೂ ಆಡಲಿಲ್ಲ. ಆಡಿದ್ದರೆ ಹಗುರಾಗುತ್ತಿದ್ದೆ.

ಮದುವೆಯ ದಿನ ಗಂಗಾವತಿ ಪೇಟೆಯ ಥರ್ಮಾಕೋಲಿನ ಬಾಸಿಂಗ ಬಂದವು. ಅಕ್ಕಿಕಾಳು ಬೀಳುವ ಹೊತ್ತಿಗೆ ವರನದು ಜಾರಿ ಮೂಗಿನ ಮೇಲೆ ಕುಳಿತಿತು. ಯಾರು ಎಷ್ಟು ಎಳೆದರೂ ದಾರ ನಿಲ್ಲಲಿಲ್ಲ. ಕಾಕಾ ಜನರ ನಡುವಿನಿಂದ ಎದ್ದು ಹೋಗಿ, ಗಂಟು ಬಿಚ್ಚಿ, ಕಿವಿಯ ಹಿಂದಿನಿಂದ ದಾರ ತಂದು ಬಿಗಿದರು. ಅದು ಅಲುಗದೆ ನಿಂತಿತು.

ವರನ ಮಗ್ಗುಲಲ್ಲಿದ್ದ ಅಜ್ಜಿ, ಕನ್ಯೆ ನೋಡಲು ಬಾರದೆ ಮನೆಯಲ್ಲೇ ಉಳಿದು ಕಾಕಾ ಅವರ ಮುಖವನ್ನೇ ಕಾಣದಿದ್ದವಳು, ಕಣ್ಣು ಕಿರಿದು ಮಾಡಿ ನೋಡಿದಳು. "ಛಲೋ ಕಟ್ಟಿದ್ರಿ ನೋಡ್ರಿ ಯಪ್ಪಾ. ಯಾರ ಪೈಕಿ ನೀವು?"

ಕಾಕಾ ಅವರ ಹಿಂದೆಯೇ ಹೋಗಿ ನಿಂತಿದ್ದ ನಾನು ಬಾಯಿ ತೆರೆದೆ. ಕಾಕಾ ನನ್ನ ತೋಳು ಒತ್ತಿದರು.

"ಹೆಣ್ಣಿನ ಕಡಿಯಾಂವ್ರಿ ಅವ್ವಾರ" ಎಂದು ಹೇಳಿ ಜನರೊಳಗೆ ಬಂದು ಕುಳಿತರು.

ಶ್ರಾವಣ ಬರುವ ಮೊದಲೇ ಅವರು ತೀರಿಕೊಂಡರು. ಆ ಅಜ್ಜಿ ಇನ್ನೂ ಇದ್ದಾಳೆ. ಅಂದು ದಾರ ಬಿಗಿದ ಕೈ ಯಾರದೆಂದು ಆಕೆಗೆ ಹೇಳಬೇಕೆಂದು ಯಲಬುರ್ಗಾದ ಬಸ್ ನಿಲ್ದಾಣದವರೆಗೆ ನಾನು ಎರಡು ಸಲ ಹೋಗಿ ತಿರುಗಿ ಬಂದಿದ್ದೇನೆ.