ಹೆಣ್ಣು ನೋಡುವ ದಿನ ಮುಚ್ಚಿಕೊಂಡ ಹೂವು

ನಾನು ಕಲಾವಿದೆ. ನನ್ನ ಕಲಾಕೃತಿಗಳನ್ನು ಬರೀ ನೋಡಿದರೆ ಸಾಲದು, ಅವುಗಳ ಜೊತೆ ಕೂರಬೇಕು. ಆ ವರ್ಷ ಕೋಟೇಶ್ವರದ ನಮ್ಮ ಮನೆಯಲ್ಲಿ ದೊಡ್ಡದೊಂದು ಬಟ್ಟೆಯ ತಾವರೆ ಮಾಡಿದ್ದೆ. ಹಣೆಗೆ ಮಿದುಳಿನ ಅಲೆಗಳನ್ನು ಅಳೆಯುವ ಸೆನ್ಸರ್ ಪಟ್ಟಿ ಕಟ್ಟಿಕೊಂಡವರ ಮನಸ್ಸು ಶಾಂತವಾದರೆ ಅದು ಅರಳುತ್ತಿತ್ತು, ಗಲಿಬಿಲಿಯಾದರೆ ಮುಚ್ಚಿಕೊಳ್ಳುತ್ತಿತ್ತು.

ಬೈಂದೂರಿನಿಂದ ನನ್ನನ್ನು ನೋಡಲು ಗಂಡಿನ ಕಡೆಯವರು ಬರುವ ದಿನ ಅಪ್ಪ ನಾಚಿಕೆಯಿಂದ ಅದಕ್ಕೆ ಚಾದರ ಹೊದಿಸಿದರು. ಹುಡುಗನೇ ಚಾದರ ಎತ್ತಿ, ಇದೇನೆಂದು ವಿಚಾರಿಸಿ, ಪಟ್ಟಿ ಕಟ್ಟಿಕೊಂಡು ಕುಳಿತ. ಹೂವು ಮೆಲ್ಲಗೆ ಅರಳಿತು. ಎಲ್ಲರೂ ತಿಂಡಿ ತಟ್ಟೆ ಹಿಡಿದುಕೊಂಡೇ ಸುತ್ತ ನೆರೆದರು.

"ಹೆಣ್ಣ್ ಒಪ್ಪಿಗಿಯಾ ಮಗಾ?" ಎಂದು ಅವನ ತಾಯಿ ಕೇಳಿದರು.

ಹೂವು ಪಟಕ್ಕನೆ ಮುಚ್ಚಿಕೊಂಡಿತು.

ಅಪ್ಪ ನನ್ನನ್ನು ದುರುಗುಟ್ಟಿ ನೋಡಿದರು. "ಅದ್ ಬ್ಯಾಡ ಅಂದ್ ಅಲ್ಲ, ಗಾಬ್ರಿ ಆಯ್ತ್ ಅಂದ್ ಅಷ್ಟೇ" ಎಂದು ನಾನು ತೊದಲಿದೆ.

"ನೀವೆಲ್ಲ ಹೀಂಗ್ ಮುತ್ತಿ ಕಂಡ್ರೆ ಗಾಬ್ರಿ ಆತಿಲ್ಯಾ? ಒಪ್ಪಿಗಿಯೇ ಅಮ್ಮ" ಎಂದ ಹುಡುಗ ಬೆವರೊರೆಸಿಕೊಳ್ಳುತ್ತ. ಹೂವು ಮಾತ್ರ ಅಲುಗಲಿಲ್ಲ.

ಅವನ ತಾಯಿ ಅಪ್ಪನ ಕಡೆ ತಿರುಗಿದರು. "ನಮ್ ಮಾಣಿ ಮನ್ಸಗೆ ಎಂತ ಇತ್ತ್ ಅಂದ್ ಹೆತ್ತ ನಂಗೇ ಗೊತ್ತಾತಿಲ್ಲ. ಈ ಹೆಣ್ಣಿಗಾರೂ ಗೊತ್ತಾಪುಕೆ ಒಂದ್ ದಾರಿ ಇತ್ತಲೆ. ಮದಿ ಮಾಡ್ವ."

ಮದುವೆ ಆಯಿತು. ನನ್ನ ಗಂಡ ಪ್ರದರ್ಶನಗಳಿಗೆ ಸಾಮಾನು ಹೊರುತ್ತಾನೆ, ವಯರು ಎಳೆಯುತ್ತಾನೆ, ಬಂದವರಿಗೆ ನನಗಿಂತ ಚೆನ್ನಾಗಿ ವಿವರಿಸುತ್ತಾನೆ. ಅತ್ತೆ ಮಾತ್ರ ಬೈಂದೂರಿನಲ್ಲೆಲ್ಲ ಸೊಸೆ ತಲೆ ಡಾಕ್ಟ್ರೆಂದು ಹೇಳಿಬಿಟ್ಟಿದ್ದಾರೆ. ಹಬ್ಬಕ್ಕೆ ಹೋದರೆ ಯಾರಾದರೊಬ್ಬರು ತಲೆನೋವೆಂದು ಬಂದು ಜಗಲಿಯಲ್ಲಿ ಕೂತಿರುತ್ತಾರೆ.