ಸನ್ಮಾನದ ಸಂಜೆ ಚೆನ್ನಯ ಬಡಿದ ಹನ್ನೊಂದು ಭಜನೆ

ಚೆನ್ನಯನನ್ನು ಅಳತೆಗೆ ನಿಲ್ಲಿಸಿದರೆ ಒಂದೂವರೆ ಮೀಟರ್ ಬಟ್ಟೆಯಲ್ಲಿ ಅಂಗಿ ಮುಗಿದು ಕರ್ಚೀಫಿಗೂ ಚೂರು ಉಳಿಯುತ್ತದೆ. ಎದೆ ಮಕ್ಕಳ ಸೈಜಿನದು. ಸೊಂಟ ಇದೆಯೆಂದು ಬೆಲ್ಟ್ ನೋಡಿ ನಂಬಬೇಕು. ಮುಂಗೈ ಎರಡು ಮಾತ್ರ ಬೇರೆ ಥಾನಿನಿಂದ ಕತ್ತರಿಸಿದ್ದು. ಆ ಮುಂಗೈಗಳ ಬಲದಲ್ಲೇ ಘಾಟ್ಕೋಪರಿನ ಕ್ಯಾಂಟೀನ್ ಮ್ಯಾನೇಜರನ ಮಗ 'ಮೆಗಾ ಬ್ಲಾಕ್' ಎಂಬ ರಾಕ್ ಬ್ಯಾಂಡಿನ ಡ್ರಮ್ಮರ್ ಆದ. ಕಾಲೇಜಿನ ಸ್ಟೇಜಿನಿಂದ ಹತ್ತು ಸಾವಿರ ಜನ ಕುಣಿಯುವ ಮೈದಾನದವರೆಗೆ ಹದಿಮೂರು ವರ್ಷ ಬಡಿಯುತ್ತಲೇ ಹೋದ.

ಆದರೆ ಕೈ ಪಳಗಿದ್ದು ವಡಾಲದ ಭಜನಾ ಮಂಡಳಿಯ ಡೋಲಕ್ ಮೇಲೆ. ಹಾಗಾಗಿ ಮಂಡಳಿಯವರು "ನಿನಗೊಂದು ಸನ್ಮಾನ, ಆಮೇಲೆ ಭಜನೆಗೆ ನೀನೇ ಡೋಲಕ್" ಎಂದಾಗ ಒಲ್ಲೆ ಎನ್ನಲಾಗಲಿಲ್ಲ. ಅದೇ ಶನಿವಾರ ಎಂಟಕ್ಕೆ ಸಾಂತಾಕ್ರೂಜ್‌ನಲ್ಲಿ ಶೋ. ಕಾರ್ಡಿನಲ್ಲಿ 'ಸಂಜೆ ನಾಲ್ಕಕ್ಕೆ ಸರಿಯಾಗಿ' ಎಂದಿತ್ತಲ್ಲ, ನಂಬಿಬಿಟ್ಟ. ಮುಂಬಯಿಯಲ್ಲೇ ಹುಟ್ಟಿ ಬೆಳೆದವನು ಸನ್ಮಾನದ ಕಾರ್ಡ್ ನಂಬುವುದೆಂದರೆ!

ಬ್ಯಾಂಡಿನ ಹಾಡುಗಾರ ಪ್ರೀತಮ್ ಆ ದಿನ ಬೆಳಿಗ್ಗೆಯೇ ಎಚ್ಚರಿಸಿದ್ದ: "ದೇಖ್ ಯಾರ್, ಲಾಸ್ಟ್ ಟೈಮೂ ನೀನು ಲೇಟ್. ಎಂಟಕ್ಕೆ ಇಲ್ಲಾಂದ್ರೆ ತಿಲಕ್ ಕೂರ್ತಾನೆ. ಇವತ್ತು ಡ್ರಮ್ಸಿಗೆ ಕೂತವನೇ ಬ್ಯಾಂಡಿನ ಟೂರಿಗೆ." ತಿಲಕ್ ಎಂದರೆ ಕೋಲು ಹಿಡಿದು ಕಾಯುತ್ತಿದ್ದ ಬದಲಿ ಡ್ರಮ್ಮರ್.

ಶಾಲು, ಪೇಟ, ಹಣ್ಣಿನ ಬುಟ್ಟಿ, ಏಳು ಭಾಷಣ. ಸಮಯಪಾಲನೆಯ ಮಹತ್ವ ಹೇಳಿದವರೇ ಇಪ್ಪತ್ತೈದು ನಿಮಿಷ ತಿಂದರು. ಡೋಲಕ್ ಮಡಿಲಿಗೆ ಬಂದಾಗ ಆರೂವರೆ.

"ವಾರಿಜಕ್ಕಾ, ನಾನು ನಡುವಲ್ಲಿ ಏಳಲಾ?"

ಮಂಡಳಿಯ ಮುಖ್ಯ ಗಾಯಕಿ ಕನ್ನಡಕದ ಮೇಲಿಂದ ನೋಡಿದರು. "ಮಂಗಳ ಹಾಡದೆ ಏಳ್ಲಿಕ್ಕುಂಟಾ ಮಾರಾಯ? ಹನ್ನೊಂದೇ ಭಜನೆ. ಕೂತ್ಕೋ."

ಹನ್ನೊಂದಕ್ಕೆ ಒಂದೂವರೆ ಗಂಟೆ ಬೇಕು. ಏಳು ಇಪ್ಪತ್ತರ ಲೋಕಲ್ ತಪ್ಪಿದರೆ ಟೂರು ತಿಲಕನದು. ಏಳುವಂತಿಲ್ಲ, ಸರಿ, ಬೇಗ ಬಡಿಯಬಾರದೆಂದು ಯಾರೂ ಹೇಳಿರಲಿಲ್ಲ.

ಮೊದಲ ಭಜನೆಯಲ್ಲಿ ಲಯವನ್ನು ಕೂದಲೆಳೆಯಷ್ಟು ಏರಿಸಿದ. ಯಾರಿಗೂ ಗೊತ್ತಾಗಲಿಲ್ಲ. ಮೂರನೆಯದರಲ್ಲಿ ಹುಬ್ಬುಗಳು ಏರಿದವು. ಐದನೆಯದರಲ್ಲಿ ವಿಠಲ ಬಂದದ್ದೂ ಹೋದದ್ದೂ ಕಾಣಲಿಲ್ಲ. "ಎಂಥದು ಚೆನ್ನಾ, ಹಿಂದಿನಿಂದ ನಾಯಿ ಅಟ್ಟಿಸ್ತಾ ಉಂಟಾ?" ಎಂದು ಹಾರ್ಮೋನಿಯಂನ ಶೇಖರಣ್ಣ ಕೂಗಿದರು. ವಾರಿಜಕ್ಕನಿಗೆ ನಗು ಉಕ್ಕಿತು. ಅದನ್ನು ಮುಚ್ಚಲು ಇನ್ನೂ ಜೋರಾಗಿ ಹಾಡಿದರು. ಎಂಟನೆಯದಕ್ಕೆ ಮಂಡಿನೋವಿನ ಹೆಂಗಸರೆಲ್ಲ ಎದ್ದು ಕುಣಿಯುತ್ತಿದ್ದರು. "ಇನ್ನೊಮ್ಮೆ!" ಎಂದಿತು ಸಭೆ. "ಬೇಡ!" ಎಂದು ಕಿರುಚಿದ ಚೆನ್ನಯ.

ಏಳು ಹತ್ತಕ್ಕೆ ಮಂಗಳ. "ಓಡು ಮಗಾ!" ಎಂದರು ವಾರಿಜಕ್ಕ, ಏದುಸಿರು ಬಿಡುತ್ತ. ಪೇಟ ತೆಗೆಯಲೂ ಮರೆತು ಚೆನ್ನಯ ಲೋಕಲ್‌ಗೆ ಹಾರಿದ. ಎಂಟಕ್ಕೆ ಮೂರು ನಿಮಿಷವಿರುವಾಗ ಸ್ಟೇಜ್ ಹತ್ತಿದ. ತಿಲಕ್ ಸ್ಟೂಲ್ ಬಿಟ್ಟೆದ್ದ. ಚೆನ್ನಯನ ಕೈ ಇನ್ನೂ ವಡಾಲದ ವೇಗದಲ್ಲೇ ಇತ್ತು. "ಸ್ಲೋ, ಸ್ಲೋ!" ಎಂದು ಪ್ರೀತಮ್ ಗೋಗರೆದರೆ ಜನ ಹೊಸ ಸ್ಟೈಲ್ ಎಂದುಕೊಂಡು ಹುಚ್ಚೆದ್ದು ಕುಣಿದರು. ಟೂರಿಗೆ ಹೋದವನು ಚೆನ್ನಯನೇ.

ವಡಾಲದಲ್ಲಿ ಆ ಸಂಜೆ ತಾಳ ಹಾಕುತ್ತಿದ್ದ ನಾನು ಮೂರು ದಿನ ಪಕ್ಕೆ ನೋಯುವಷ್ಟು ನಕ್ಕೆ. ಆ ನಗೆಗೆ ನಾನು ಚೆನ್ನಯನಿಗೆ ಋಣಿ.