ಕೈಯಾರೆ ಕೊಟ್ಟ ನೋಟಿಸು

ಎಂಟು ಅಂಕ. ಅಷ್ಟಕ್ಕೇ ಹೈಕೋರ್ಟಿನ ಮೆಟ್ಟಿಲು ಹತ್ತಿದವಳು ನಾನು. ಈಗ ನೆನೆಸಿಕೊಂಡರೆ ನನ್ನ ಮೇಲೆ ನನಗೇ ಸಿಟ್ಟು ಬರುತ್ತದೆ.

ಎಪ್ಪತ್ತರ ದಶಕದ ಕೊನೆ. ಬಳ್ಳಾರಿಯಲ್ಲಿ ಶಿಕ್ಷಕಿಯರ ತರಬೇತಿ ಮುಗಿಸಿ ಸಿರುಗುಪ್ಪದ ಮನೆಯಲ್ಲಿ ಕೂತಿದ್ದೆ. ಪ್ರಾಥಮಿಕ ಶಾಲೆಗಳ ಆಯ್ಕೆಪಟ್ಟಿ ಬಂತು. ನನ್ನ ಹೆಸರಿಲ್ಲ, ನನ್ನ ಗೆಳತಿಯದಿದೆ! ಹಾಸ್ಟೆಲಿನಲ್ಲಿ ಎರಡು ವರ್ಷ ಒಂದೇ ಕೋಣೆಯಲ್ಲಿದ್ದ ಕುರುಗೋಡಿನ ಹುಡುಗಿ, ಪರಿಶಿಷ್ಟ ಜಾತಿಯ ಮೀಸಲಾತಿಯಲ್ಲಿ ಆಯ್ಕೆಯಾಗಿದ್ದಳು. ನನಗೆ ಅವಳಿಗಿಂತ ಎಂಟು ಅಂಕ ಹೆಚ್ಚು. ಗಣಿತ ತಲೆಗೆ ಹತ್ತದೆ ನಾನು ಅಳುತ್ತ ಕೂತಾಗ ಪಕ್ಕದಲ್ಲಿ ಕೂತು ಬಿಡಿಸಿ ಹೇಳಿಕೊಟ್ಟವಳೂ ಅವಳೇ. ಅದು ಆಗ ನೆನಪಾಗಲಿಲ್ಲ ನೋಡ್ರಿ.

ನಮ್ಮಣ್ಣ ಬೆಂಗಳೂರಿನ ಗಾಂಧಿನಗರದ ವಕೀಲರೊಬ್ಬರ ಹತ್ತಿರ ಗುಮಾಸ್ತ. "ಪ್ರತಿಭೆಗೆ ಬೆಲಿನ ಇಲ್ಲೇನು? ಸಹಿ ಹಾಕು," ಅಂದ. ಹಾಕಿದೆ. ನನ್ನಂಥ ಏಳೆಂಟು ಜನ ಸೇರಿ, ಮೀಸಲು ಜಾಗಗಳು ಲೆಕ್ಕ ಮೀರಿವೆ, ಪಟ್ಟಿ ರದ್ದಾಗಲಿ ಎಂದು ರಿಟ್ ಅರ್ಜಿ ಹಾಕಿದೆವು. ನೇಮಕದ ಆರ್ಡರ್ ಇನ್ನೂ ಯಾರ ಮನೆಗೂ ಬಂದಿರಲಿಲ್ಲ. ಪಟ್ಟಿಯಲ್ಲಿದ್ದವರಿಗೆ ಅರ್ಜಿದಾರರೇ ಕೈಯಾರೆ ನೋಟಿಸು ಕೊಟ್ಟು ಸಹಿ ತರಲು ಕೋರ್ಟು ಒಪ್ಪಿತ್ತು. "ಆಕಿ ಮನಿ ನಿನಗ ಗೊತ್ತೈತಲ್ಲ, ನೀನ ಹೋಗು," ಅಂದ ಅಣ್ಣ.

ಕುರುಗೋಡಿಗೆ ಬಸ್ಸು ಹಿಡಿದೆ. ಗೆಳತಿ ಅಕ್ಕನ ಬಾಣಂತನಕ್ಕೆಂದು ಆದವಾನಿಗೆ ಹೋಗಿದ್ದಳು. ಅವಳ ಅವ್ವ ಒಬ್ಬಳೇ ಅಂಗಳದಲ್ಲಿ ಕೂತು ಮೆಣಸಿನಕಾಯಿ ತೊಟ್ಟು ಬಿಡಿಸುತ್ತಿದ್ದಳು. ಓದು ಬಾರದಾಕೆ. ಕಾಗದದ ಮೇಲಿನ ಮುದ್ರೆ ಕಂಡದ್ದೇ ಎದ್ದು ನಿಂತಳು.

"ಆರ್ಡರ್ ಬಂತೇನ ಯವ್ವಾ?"

ನಿಜ ನಾಲಿಗೆ ತುದಿಗೆ ಬಂದಿತ್ತು, ದೇವರಾಣೆ. ಆ ಮುಖ ನೋಡಿ ಹೇಳಲಾಗಲಿಲ್ಲ. ಹೇಳಿದರೆ ಹೆಬ್ಬೆಟ್ಟು ಒತ್ತುತ್ತಾಳೋ ಇಲ್ಲವೋ ಎಂಬ ಭಯವೂ ಇತ್ತು, ಅದನ್ನೇಕೆ ಮುಚ್ಚಿಡಲಿ. "ಹೂಂ" ಅಂದೆ.

ಹೆಬ್ಬೆಟ್ಟು ಒತ್ತಿದಳು. ನನ್ನ ಬಾಯಿಗೆ ಬೆಲ್ಲದ ಚೂರಿಟ್ಟು, "ನಿನ್ನ ಕೈಲೇ ಬಂತಲ್ಲವ್ವಾ, ಚಲೋ ಆತು. ಆಕಿ ಬರೂತನಕ ಜ್ವಾಕಿಲೆ ಇಡ್ತೀನಿ," ಎಂದು ಟ್ರಂಕಿನಲ್ಲಿಟ್ಟು ಬೀಗ ಹಾಕಿದಳು. ಥೂ, ಆ ಬೆಲ್ಲ ತಿಂದು ಬಂದೆನಲ್ಲ!

ಗೆಳತಿ ಊರಿಗೆ ಬಂದು ಕಾಗದ ಬಿಚ್ಚುವಷ್ಟರಲ್ಲಿ ಕೋರ್ಟಿನ ದಿನ ದಾಟಿ, ನೇಮಕಕ್ಕೆ ತಡೆಯಾಜ್ಞೆ ಬಂದಾಗಿತ್ತು. ಪಟ್ಟಿಯಲ್ಲಿದ್ದ ಉಳಿದವರು ಸೇರಿ ವಕೀಲರನ್ನಿಟ್ಟು, ತಮ್ಮ ಮಟ್ಟಿಗೆ ತಡೆ ತೆಗೆಸಿಕೊಂಡು ಕೆಲಸಕ್ಕೆ ಸೇರಿದರು. ಇವಳ ಹೆಸರು ಆ ಗುಂಪಿನಲ್ಲಿರಲಿಲ್ಲ. ಒಬ್ಬಳೇ ಬೆಂಗಳೂರಿಗೆ ಓಡಾಡುವ ಶಕ್ತಿಯೂ ಇರಲಿಲ್ಲ. ಕೇಸು ನಾಲ್ಕು ವರ್ಷ ಎಳೆದು ಕೊನೆಗೆ ನಾವೇ ಸೋತೆವು. ಅಷ್ಟರಲ್ಲಿ ಮುಂದಿನ ಪಟ್ಟಿಯಲ್ಲಿ ನನಗೆ ಕೆಲಸ ಸಿಕ್ಕಿತ್ತು. ಅವಳು ಆ ನಾಲ್ಕು ವರ್ಷ ಹತ್ತಿ ಬಿಡಿಸಲು ಕೂಲಿಗೆ ಹೋದಳು.

ಆಮೇಲೆ ಬಳ್ಳಾರಿಯಲ್ಲಿ ಶಿಕ್ಷಕರ ಸಭೆಯೊಂದರಲ್ಲಿ ಸಿಕ್ಕಳು. ಕೆಲಸಕ್ಕೆ ಆಗಷ್ಟೇ ಸೇರಿದ್ದಳು. ಊಟದ ಹೊತ್ತಿಗೆ ಪಕ್ಕದಲ್ಲಿ ಹೋಗಿ ಕೂತೆ.

"ತಪ್ಪಾತು ಲೇ. ಕೇಸ್ ಹಾಕಬಾರದಿತ್ತು," ಅಂದೆ.

ಅವಳು ಬುತ್ತಿಯ ಡಬ್ಬಿ ಮುಚ್ಚಿದಳು. "ಕೇಸ್ ಹಾಕಿದ್ದಕ್ಕ ನನಗ ಸಿಟ್ಟಿಲ್ರಿ. ಅಂಕ ಹೆಚ್ಚಿದ್ವು, ಹಾಕಿದ್ರಿ. ಆದ್ರ ನೀವು ಹೋದ ಮ್ಯಾಲೆ ನಮ್ಮವ್ವ ಮಗಳಿಗೆ ಆರ್ಡರ್ ಬಂತಂತ ಓಣಿಗೆಲ್ಲ ಹೇಳಿ ಬಂದಿದ್ಲು. ಸುಳ್ಳಿ ಅಂತ ಮಂದಿ ಆಡಿಕೊಂಡು ನಕ್ರು. ಆಕಿ ಸಾಯೂತನಕ ಓಣ್ಯಾಗ ತಲಿ ಎತ್ತಲಿಲ್ರಿ."

ಆ ತಾಯಿ ತೀರಿಕೊಂಡದ್ದೇ ನನಗೆ ಗೊತ್ತಿರಲಿಲ್ಲ. ಆ ಓಣಿಗೆ ಹೋಗಿ, ಸುಳ್ಳು ಹೇಳಿದಾಕೆ ಅವಳಲ್ಲ, ನಾನು ಎಂದು ಒಬ್ಬರಿಗಾದರೂ ಹೇಳಬೇಕಿತ್ತು. ಇವತ್ತಿನವರೆಗೂ ಹೋಗಿಲ್ಲ.